ನಿಮಗಿದು ಗೊತ್ತೇ? ಕಪಿಲೆಯ ದಡದಿಂದ ಬೆಳ್ಳಿತೆರೆಗೆ

ನಂಜನಗೂಡು ಅಂದಕೂಡಲೇ ರಸಬಾಳೆ, ಹಲ್ಲುಪುಡಿ, ನಂಜುಂಡೇಶ್ವರನ ತೇರು ನೆನಪಾಗುತ್ತವೆ. ಸಿನಿಮಾ ನಿರ್ದೇಶಕ ಜಿ.ವಿ. ಅಯ್ಯರ್ ಹುಟ್ಟಿದ್ದೂ ಇದೇ ಊರಿನಲ್ಲಿ, 1917ರಲ್ಲಿ. ಗಾಂಧೀಜಿ ತೀರಿಕೊಂಡ ಮೇಲೆ ಚಪ್ಪಲಿ ಮೆಟ್ಟುವುದನ್ನೇ ಬಿಟ್ಟರಂತೆ. ಅದಕ್ಕೇ ಅವರು ‘ಬರಿಗಾಲ ನಿರ್ದೇಶಕ’.

1960ರ ‘ರಣಧೀರ ಕಂಠೀರವ’ಕ್ಕೆ ದುಡ್ಡು ಹೊಂದಿಸಿದವರು ಯಾರು? ನಟರೇ! ರಾಜಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜತೆಗೆ ನಮ್ಮ ಅಯ್ಯರ್.

     

ನಿರ್ದೇಶಕರಾಗಿ ಅಯ್ಯರ್ ಹಿಡಿದದ್ದು ಒಬ್ಬೊಬ್ಬರ ಬೆನ್ನನ್ನೇ. ತರಾಸು ಕಾದಂಬರಿಯಿಂದ ಬಂದ ‘ಹಂಸಗೀತೆ’ಯಲ್ಲಿ (1975) ಸಂಗೀತಗಾರ ಭೈರವಿ ವೆಂಕಟಸುಬ್ಬಯ್ಯ, ಪಾತ್ರಧಾರಿ ಅನಂತನಾಗ್. ಹಾಡಿದ ಬಾಲಮುರಳಿಕೃಷ್ಣರಿಗೆ ರಾಷ್ಟ್ರಪ್ರಶಸ್ತಿ. ಆಮೇಲೆ ಶಂಕರರು ಸಂಸ್ಕೃತದಲ್ಲಿ, ಮಧ್ವರು ಕನ್ನಡದಲ್ಲಿ, ರಾಮಾನುಜರು ತಮಿಳಿನಲ್ಲಿ. 1983ರ ‘ಆದಿ ಶಂಕರಾಚಾರ್ಯ’ ದೇಶದ ಮೊದಲ ಸಂಸ್ಕೃತ ಚಲನಚಿತ್ರ; ಬಂದದ್ದು ನಾಲ್ಕು ರಾಷ್ಟ್ರಪ್ರಶಸ್ತಿ.

ಆದರೆ ನನ್ನ ಓಟು ‘ವಂಶವೃಕ್ಷ’ಕ್ಕೆ. ಭೈರಪ್ಪನವರ ಕಾದಂಬರಿ ನಡೆಯುವುದೇ ನಂಜನಗೂಡಿನಲ್ಲಿ. ಕಥೆಯ ಹಿರಿಯರಾದ ಶ್ರೋತ್ರಿಗಳ ಮಗ ಕಪಿಲೆಯ ಪ್ರವಾಹಕ್ಕೆ ಸಿಕ್ಕಿ ಸಾಯುತ್ತಾನೆ, ಸೊಸೆ ಕಾತ್ಯಾಯನಿ ರೈಲು ಹತ್ತಿ ಮೈಸೂರಿಗೆ ಓದಲು ಹೋಗುತ್ತಾಳೆ. ವಂಶದ ಶುದ್ಧಿಯನ್ನೇ ನಂಬಿದ್ದ ಶ್ರೋತ್ರಿಗಳಿಗೆ ಮುಪ್ಪಿನಲ್ಲಿ ತಮ್ಮ ಹುಟ್ಟಿನ ಗುಟ್ಟೇ ತಿಳಿಯುತ್ತದೆ. ಊರು ನಂಜನಗೂಡು, ಚಿತ್ರದ ನಿರ್ಮಾಪಕರೂ ನಂಜನಗೂಡಿನ ಅಯ್ಯರ್! ನಿರ್ದೇಶಿಸಿದ ಗಿರೀಶ ಕಾರ್ನಾಡ್ ಮತ್ತು ಬಿ.ವಿ. ಕಾರಂತರು 1971ರ ಸಾಲಿನ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಹಂಚಿಕೊಂಡರು.

ಅದರಲ್ಲೊಂದು ಸಣ್ಣ ಪಾತ್ರ ಮಾಡಿದ ಹುಡುಗನ ಹೆಸರು ಸಂಪತ್‌ಕುಮಾರ್. ಮರುವರ್ಷ ‘ನಾಗರಹಾವು’ ಬಂತು, ಹುಡುಗ ವಿಷ್ಣುವರ್ಧನ್ ಆದ.

ಇದೇ ಕಥೆ 1980ರಲ್ಲಿ ತೆಲುಗಿಗೆ ಹೋಯಿತು. ನಿರ್ದೇಶಕ ಬಾಪು. ನಾಯಕ? ಮುಂಬಯಿಯ ಅನಿಲ್ ಕಪೂರ್!

ತಿರುಮಕೂಡಲು ನರಸೀಪುರದವರೇ, ಎಲ್ಲ ನಂಜನಗೂಡಿಗೇ ಹೋಯಿತೆಂದು ಮುನಿಸಿಕೊಳ್ಳಬೇಡಿ. ಶ್ರೋತ್ರಿಗಳ ಮನೆಯ ಮುಂದೆ ಹರಿದ ಆ ಕಪಿಲೆ ಕೊನೆಗೆ ಕಾವೇರಿಯನ್ನು ಸೇರುವುದು ನಿಮ್ಮೂರಲ್ಲೇ.