ಹಲವರ ಕೈ, ಒಬ್ಬೊಬ್ಬನ ಹೊಣೆ

ಹೊಲದ ಬದುವಿನ ತಂಟೆಗಾಗಿಯೋ, ಕಾಲುವೆಯ ನೀರಿನ ಸರದಿಗಾಗಿಯೋ, ಚುನಾವಣೆಯಲ್ಲಿ ಹುಟ್ಟಿ ವರ್ಷಗಟ್ಟಲೆ ಹೊಗೆಯಾಡಿದ ಹಗೆಗಾಗಿಯೋ ಹತ್ತು ಹನ್ನೆರಡು ಮಂದಿ ಮಚ್ಚು ದೊಣ್ಣೆಗಳನ್ನು ಹಿಡಿದು ಒಬ್ಬನ ಮೇಲೆ ಬಿದ್ದು ಪ್ರಾಣ ತೆಗೆದ ಪ್ರಕರಣಗಳಲ್ಲಿ, ಸತ್ತವನು ಪೆಟ್ಟಿನಿಂದಲೇ ಸತ್ತನೆಂಬ ವಿಷಯವಾಗಿ ವಿವಾದವೇಳುವುದು ಅಪರೂಪ. ಮರಣೋತ್ತರ ಪರೀಕ್ಷೆಯ ವರದಿ ಅಷ್ಟನ್ನು ಸಾಮಾನ್ಯವಾಗಿ ನಿಸ್ಸಂದಿಗ್ಧವಾಗಿ ಹೇಳಿಬಿಡುತ್ತದೆ. ಆದರೆ ಯಾವ ಗಾಯವು ಯಾರ ಕೈಯಿಂದ ಆಯಿತೆಂಬುದನ್ನು ವೈದ್ಯನು ಬರೆಯಲಾರನು. ಪ್ರಾಣಾಂತಿಕವಾದದ್ದು ತಲೆಯ ಮೇಲಿನ ಒಂದೇ ಪೆಟ್ಟಾಗಿದ್ದು ಆರೋಪಿಗಳು ಹನ್ನೆರಡು ಮಂದಿಯಾಗಿರುವಲ್ಲಿ, ಉಳಿದ ಹನ್ನೊಂದು ಮಂದಿಯ ಹೊಣೆ ಏನೆಂಬ ಪ್ರಶ್ನೆಯೇ ಸೆಷನ್ಸ್ ನ್ಯಾಯಾಲಯದಿಂದ ಉಚ್ಚ ನ್ಯಾಯಾಲಯಕ್ಕೂ, ಅಲ್ಲಿಂದ ದೆಹಲಿಗೂ ಕಡತದೊಡನೆ ಪ್ರಯಾಣ ಮಾಡುತ್ತದೆ.

1860ರ ಭಾರತೀಯ ದಂಡಸಂಹಿತೆ ಇದಕ್ಕೆ ಎರಡು ಉತ್ತರಗಳನ್ನಿತ್ತಿತ್ತು. 34ನೆಯ ಕಲಮಿನ ಮೇರೆಗೆ, ಸಮಾನ ಆಶಯದಿಂದ ಹಲವರು ಕೂಡಿ ಅಪರಾಧವೆಸಗಿದರೆ, ಪ್ರತಿಯೊಬ್ಬನೂ ತಾನೊಬ್ಬನೇ ಅದನ್ನು ಮಾಡಿದಂತೆ ಹೊಣೆಗಾರನು. 149ನೆಯ ಕಲಮು ಇನ್ನೂ ದೂರ ಹೋಗುತ್ತದೆ: ಐವರಾಗಲಿ ಹೆಚ್ಚು ಮಂದಿಯಾಗಲಿ ಸೇರಿದ ಅಕ್ರಮ ಕೂಟದ ಸದಸ್ಯನು, ಕೂಟದ ಸಮಾನ ಉದ್ದೇಶದ ಸಾಧನೆಗಾಗಿ ಇನ್ನೊಬ್ಬನು ಮಾಡಿದ ಕೊಲೆಗೂ, ಆ ಉದ್ದೇಶದ ಬೆನ್ನಲ್ಲೇ ನಡೆದೀತೆಂದು ಸದಸ್ಯರಿಗೆ ತಿಳಿದಿದ್ದ ಕೊಲೆಗೂ ಉತ್ತರವಾದಿಯಾಗುತ್ತಾನೆ. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇವು 3(5) ಹಾಗೂ 190 ಎಂಬ ಹೊಸ ಅಂಕಿಗಳನ್ನು ಪಡೆದಿವೆ; ಸತ್ತ್ವ ಹಳೆಯದೇ.

ಹೊಡೆಯದವನಿಗೂ ಹೊಡೆದವನ ಶಿಕ್ಷೆಯೆಂಬುದು ಕೇಳಿದೊಡನೆ ಅನ್ಯಾಯವೆಂದು ತೋರುವುದು ಸಹಜವೇ. 1923ರಲ್ಲಿ ಕಲ್ಕತ್ತೆಯ ಶಾಂಖಾರಿಟೋಲಾ ಅಂಚೆ ಕಚೇರಿಗೆ ನುಗ್ಗಿ, ಹಣವೆಣಿಸುತ್ತಿದ್ದ ಪೋಸ್ಟ್‌ಮಾಸ್ಟರನನ್ನು ಗುಂಡಿಟ್ಟು ಕೊಂದ ತಂಡದಲ್ಲಿ ಜನರು ಬೆನ್ನಟ್ಟಿ ಹಿಡಿದವನೊಬ್ಬನು, ತಾನು ಹೊರಗೆ ಅಂಗಳದಲ್ಲಿ ನಿಂತಿದ್ದೆನೇ ಹೊರತು ಗುಂಡು ಹಾರಿಸಲಿಲ್ಲವೆಂದು ವಾದಿಸಿದನು. 1925ರಲ್ಲಿ ಪ್ರಿವಿ ಕೌನ್ಸಿಲಿನ ಪರವಾಗಿ ಲಾರ್ಡ್ ಸಮ್ನರ್ ಆ ವಾದವನ್ನು ತಳ್ಳಿಹಾಕಿದರು. ಕಾವಲು ನಿಲ್ಲುವುದೂ ಕೃತ್ಯದ ಒಂದು ಅಂಗವೇ ಎಂಬುದು ತೀರ್ಪಿನ ಹುರುಳು. ಇಪ್ಪತ್ತು ವರ್ಷಗಳ ತರುವಾಯ, ಸಿಂಧೂನದಿಯ ದಡದಲ್ಲಿ ಕೊಯ್ದ ಜೊಂಡಿನ ವಿಷಯವಾಗಿ ಎದ್ದ ಜಗಳದಲ್ಲಿ ಕೂಗು ಕೇಳಿ ಇಬ್ಬರು ಬಂದೂಕು ಹಿಡಿದು ಬಂದು, ಒಬ್ಬನ ಗುಂಡಿಗೆ ಒಬ್ಬನು ಸತ್ತು, ಇನ್ನೊಬ್ಬನ ಗುಂಡಿನಿಂದ ಬೇರೊಬ್ಬನಿಗೆ ಗಾಯವಾದ ಮೊಕದ್ದಮೆಯಲ್ಲಿ, ಅದೇ ಪ್ರಿವಿ ಕೌನ್ಸಿಲು ಎರಡನೆಯವನನ್ನು ಕೊಲೆಯ ಅಪರಾಧದಿಂದ ಬಿಡಿಸಿತು. ಇಬ್ಬರ ಮನಸ್ಸಿನಲ್ಲಿಯೂ ಒಂದೇ ಬಗೆಯ ಆಶಯವಿದ್ದರೆ ಸಾಲದು, ಅದು ಇಬ್ಬರೂ ಮೊದಲೇ ಕೂಡಿ ಮಾಡಿದ ಒಂದು ಆಶಯವಾಗಿರಬೇಕೆಂದು ಸರ್ ಮಾಧವನ್ ನಾಯರ್ ಅಂದು ಎಳೆದ ಗೆರೆಯನ್ನು ಹಿಡಿದುಕೊಂಡು ಇಂದಿಗೂ ವಕೀಲರು ವಾದಿಸುತ್ತಾರೆ.

ಅಕ್ರಮ ಕೂಟದ ಕಲಮು ಎಷ್ಟು ಉಪಯುಕ್ತವೋ ಅಷ್ಟೇ ಅಪಾಯಕರವೂ ಆಗಿದೆಯೆಂದು ನನಗೆ ತೋರುತ್ತದೆ. ಪಕ್ಷಕಟ್ಟಿರುವ ಊರಿನಲ್ಲಿ ಕೊಲೆಯಾದಾಗ, ಹೊಡೆದ ಮೂವರ ಜೊತೆಗೆ ಅವರ ಅಣ್ಣತಮ್ಮಂದಿರು, ಭಾವಮೈದುನರು, ಕೊನೆಗೆ ಮನೆಯ ಮುದುಕನು ಕೂಡ ದೂರಿನಲ್ಲಿ ಸೇರಿಹೋಗುವುದುಂಟು. ನೋಡಿದವರಾದರೋ ಬಹುಮಟ್ಟಿಗೆ ಸತ್ತವನ ಬಂಧುಗಳೇ. ಬಂಧುವಾದ ಮಾತ್ರಕ್ಕೆ ಸಾಕ್ಷಿ ಸುಳ್ಳಾಗುವುದಿಲ್ಲ, ಹತ್ತಿರದ ನಂಟನು ನಿಜವಾದ ಕೊಲೆಗಾರನನ್ನು ಬಚ್ಚಿಟ್ಟು ನಿರಪರಾಧಿಯ ಕಡೆಗೆ ಬೆರಳು ತೋರಿಸುವುದು ಸಾಮಾನ್ಯವಲ್ಲ ಎಂದು 1953ರಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ ಹೇಳಿದರು. ಹಗೆಯಿರುವಲ್ಲಿ ತಪ್ಪಿತಸ್ಥನೊಡನೆ ನಿರಪರಾಧಿಯನ್ನೂ ಎಳೆದುತರುವ ಪ್ರವೃತ್ತಿಯುಂಟೆಂಬುದನ್ನೂ ಅವರು ಮರೆಯಲಿಲ್ಲ. ಉತ್ತರ ಪ್ರದೇಶದಲ್ಲಿ ಐವರ ಹತ್ಯೆಯಾದ ಪ್ರಕರಣವೊಂದನ್ನು 1964ರಲ್ಲಿ ತೀರ್ಮಾನಿಸುತ್ತ ಮುಖ್ಯ ನ್ಯಾಯಮೂರ್ತಿ ಗಜೇಂದ್ರಗಡ್ಕರ್, ದಾಳಿಯಲ್ಲಿ ಬಹುಮಂದಿ ಪಾಲ್ಗೊಂಡಿರುವಾಗ ಇಬ್ಬರು ಮೂವರಾದರೂ ಒಂದೇ ತೆರನಾಗಿ ಹೆಸರಿಸಿದವನನ್ನು ಮಾತ್ರ ದೋಷಿಯೆಂದು ಎಣಿಸುವ ಕ್ರಮವನ್ನು ಒಪ್ಪಿಕೊಂಡರು. ಸಾಕ್ಷ್ಯವನ್ನು ತೂಕ ಮಾಡಬೇಕೇ ಹೊರತು ಎಣಿಸಬಾರದೆಂಬ ಹಳೆಯ ನಿಯಮಕ್ಕೆ ಇದು ಕೊಂಚ ವಿರುದ್ಧವಾಗಿ ಕಂಡರೂ, ಜೊಳ್ಳಿನಿಂದ ಕಾಳನ್ನು ಬೇರ್ಪಡಿಸುವ ಕೆಲಸಕ್ಕೆ ಒಂದು ಮೊರವಾದರೂ ಬೇಕಲ್ಲವೆ! ಅಪೀಲಿನಲ್ಲಿ ಒಬ್ಬೊಬ್ಬರೇ ಬಿಡುಗಡೆಯಾಗುತ್ತ, ಬೇರೆ ಯಾರೂ ಇದ್ದರೆಂಬುದಕ್ಕೆ ಆಧಾರವಿಲ್ಲದೆ ಕೂಟದ ಸಂಖ್ಯೆ ಐದಕ್ಕಿಂತ ಕೆಳಗಿಳಿದರೆ, 149ನೆಯ ಕಲಮು ಕಳಚಿಬೀಳುತ್ತದೆ; ಉಳಿದವರನ್ನು 34ನೆಯದರಿಂದ ಹಿಡಿಯಬಹುದೇ, ಅಥವಾ ಪ್ರತಿಯೊಬ್ಬನೂ ತಾನು ಕೊಟ್ಟ ಪೆಟ್ಟಿಗಷ್ಟೇ ಹೊಣೆಯೇ ಎಂಬ ಲೆಕ್ಕಾಚಾರ ಅಲ್ಲಿಂದ ಹೊಸದಾಗಿ ಆರಂಭವಾಗುತ್ತದೆ.

ಇಷ್ಟನ್ನೂ ನಿರ್ಣಯಿಸತಕ್ಕ ಮೇಲಿನ ನ್ಯಾಯಾಧೀಶರು ಸಾಕ್ಷಿಯ ಮುಖವನ್ನು ಕಂಡವರಲ್ಲ. ಅವರ ಮುಂದಿರುವುದು ಬರೆದಿಟ್ಟ ಹೇಳಿಕೆ ಮಾತ್ರ. ಆದಕಾರಣ ಖುಲಾಸೆಯ ವಿರುದ್ಧ ಸಲ್ಲಿಸಿದ ಮೇಲ್ಮನವಿಯಲ್ಲಿ ವಿಶೇಷ ಎಚ್ಚರಿಕೆ ವಿಧಿಸಲ್ಪಟ್ಟಿದೆ. ಕರ್ನಾಟಕದಿಂದ ಹೋದ ಪ್ರಕರಣವೊಂದರಲ್ಲಿ 2007ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಅಪೀಲು ನ್ಯಾಯಾಲಯಕ್ಕೆ ಸಾಕ್ಷ್ಯವನ್ನೆಲ್ಲ ಮರುಪರಿಶೀಲಿಸುವ ಪೂರ್ಣಾಧಿಕಾರವಿದ್ದರೂ, ಖುಲಾಸೆಯಾದವನ ನಿರಪರಾಧಿತ್ವದ ಊಹೆ ಇಮ್ಮಡಿಯಾಗಿರುವುದರಿಂದ, ಎರಡು ಅಭಿಪ್ರಾಯಗಳು ಸಮಂಜಸವಾಗಿ ಸಾಧ್ಯವಿರುವಲ್ಲಿ ಕೆಳಗಿನ ತೀರ್ಪನ್ನು ಕದಲಿಸಬಾರದೆಂದು ಹೇಳಿತು.

ಆದರೆ ಸಾಕ್ಷಿಗಳೇ ಹೆದರಿ ತಿರುಗಿಬಿದ್ದರೆ ತೂಗಲು ಏನುಳಿಯುತ್ತದೆ? 2002ರ ಮಾರ್ಚ್ 1ರಂದು ವಡೋದರದ ಬೆಸ್ಟ್ ಬೇಕರಿಯನ್ನು ಗುಂಪು ಸುಟ್ಟು 14 ಮಂದಿ ಮಡಿದ ಪ್ರಕರಣದಲ್ಲಿ, ಸಾಕ್ಷಿಗಳು ಮಾತು ಬದಲಿಸಿದ್ದರಿಂದ 2003ರಲ್ಲಿ 21 ಆರೋಪಿಗಳೂ ಖುಲಾಸೆಯಾದರು. ಗುಜರಾತಿನ ಉಚ್ಚ ನ್ಯಾಯಾಲಯ ಅದನ್ನೇ ಎತ್ತಿಹಿಡಿಯಿತು. ಕೋರ್ಟು ಮೂಕಪ್ರೇಕ್ಷಕನಂತೆ ಕುಳಿತಿರಬಾರದೆಂಬ ನಿಲುವಿನಿಂದ ಸರ್ವೋಚ್ಚ ನ್ಯಾಯಾಲಯವು 2004ರಲ್ಲಿ ಆ ತೀರ್ಪುಗಳನ್ನು ರದ್ದುಗೊಳಿಸಿ, ಮಹಾರಾಷ್ಟ್ರದಲ್ಲಿ ಮರುವಿಚಾರಣೆ ನಡೆಸಲು ಆಜ್ಞಾಪಿಸಿತು. 2006ರಲ್ಲಿ ಮುಂಬಯಿಯ ನ್ಯಾಯಾಲಯ ಒಂಬತ್ತು ಮಂದಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಅವರ ಮೇಲ್ಮನವಿ 2012ರಲ್ಲಿ ತೀರ್ಮಾನವಾದಾಗ, ಬೊಂಬಾಯಿ ಉಚ್ಚ ನ್ಯಾಯಾಲಯವು ಪ್ರತಿಯೊಬ್ಬನ ವಿರುದ್ಧವಿದ್ದ ಸಾಕ್ಷ್ಯವನ್ನು ತೂಗಿ, ನಾಲ್ವರ ಶಿಕ್ಷೆಯನ್ನು ಸ್ಥಿರಪಡಿಸಿ ಐವರನ್ನು ಬಿಡುಗಡೆ ಮಾಡಿತು.