ನಾಯಿಯ ಮೋರೆಗೆ ಕತ್ತರಿ ಹಿಡಿಯುವ ಮುನ್ನ

ರೋಣ, ನರಗುಂದ, ಗಜೇಂದ್ರಗಡಗಳ ಎರೆಭೂಮಿಯಲ್ಲಿ ಹೊಲ ಕಾಯುವ ನಾಟಿನಾಯಿಗೆ ಮೋರೆಯ ಕ್ಷೌರದ ಗೊಡವೆಯೇ ಇಲ್ಲ. ನೆರೆಯ ಬಾಗಲಕೋಟೆ ಜಿಲ್ಲೆಯ ಮುಧೋಳದ ಬೇಟೆನಾಯಿಗೂ ಅಷ್ಟೇ. 2005ರಲ್ಲಿ ಭಾರತದ ಅಂಚೆಚೀಟಿಯ ಮೇಲೆ ಮೂಡಿದ ಆ ತಳಿಯ ಮೋರೆಯ ಕೂದಲು ಗಿಡ್ಡ, ನುಣುಪು; ಒದ್ದೆ ಬಟ್ಟೆಯಿಂದ ಒರಸಿದರೆ ತೀರಿತು. ಆದರೆ ಪೇಟೆಯ ಮನೆಗಳಲ್ಲಿ ಲಾಸಾ ಆಪ್ಸೊ, ಶೀ ಟ್ಸೂ ಮೊದಲಾದ ಉದ್ದಗೂದಲಿನ ತಳಿಗಳನ್ನು ಸಾಕುವವರಿಗೆ ಈ ಕೆಲಸ ತಪ್ಪಿದ್ದಲ್ಲ.

ಇವು ಟಿಬೆಟ್ಟಿನ ಚಳಿಯ ಸೀಮೆಯ ಮೂಲದವು. ಹಣೆಯ ಕೂದಲು ಇಳಿಬಿದ್ದು ಕಣ್ಣುಗುಡ್ಡೆಯನ್ನು ಉಜ್ಜುತ್ತದೆ. ಅದಕ್ಕೆ ಎರೆಮಣ್ಣಿನ ಧೂಳು, ಉತ್ತರಾಣಿಯ ಕಾಳು ಸೇರಿದರೆ ಕೂದಲು ಜಡೆಗಟ್ಟುತ್ತದೆ. ಕಣ್ಣಿನಲ್ಲಿ ನೀರು ನಿಲ್ಲದು.

ನಾಯಿ ತಿರುಗಾಡಿ ದಣಿದು ಬಂದ ವೇಳೆಯೇ ಈ ಕೆಲಸಕ್ಕೆ ತಕ್ಕುದು. ಮೊದಲ ಕೆಲವು ದಿನ ಕತ್ತರಿಯನ್ನು ತೋರಿಸಿ, ಮೂಸಲು ಬಿಟ್ಟು, ತಿನಿಸು ಕೊಟ್ಟರೆ ಸಾಕು. ಅಂಜಿಕೆ ಹೋದ ಮೇಲೆ ಒಬ್ಬರು ಗಲ್ಲವನ್ನು ಮೆಲ್ಲನೆ ಹಿಡಿಯಬೇಕು, ಇನ್ನೊಬ್ಬರು ಕತ್ತರಿಸಬೇಕು. ಕತ್ತಿನ ಚರ್ಮವನ್ನು ಹಿಂದಕ್ಕೆ ಜಗ್ಗುವುದು ಅಪಾಯ. ಮೊಂಡು ಮೂಗಿನ ತಳಿಗಳಲ್ಲಿ ಕಣ್ಣುಗುಡ್ಡೆಯೇ ಗೂಡಿನಿಂದ ಹೊರಬರುವುದುಂಟು.

ಕತ್ತರಿಯ ತುದಿ ಮೊಂಡಾಗಿರಬೇಕು. ಚರ್ಮಕ್ಕೂ ಕತ್ತರಿಗೂ ನಡುವೆ ಬಾಚಣಿಗೆ ಇಟ್ಟು, ಅದರ ಮೇಲೆ ಎದ್ದ ಕೂದಲನ್ನಷ್ಟೇ ಕತ್ತರಿಸಬೇಕು. ಕತ್ತರಿಯ ತುದಿ ಎಂದೂ ಕಣ್ಣಿನತ್ತ ತಿರುಗಕೂಡದು. ಜಡೆಗಟ್ಟಿದ್ದನ್ನು ಬೆರಳಿನಿಂದ ಎಳೆಎಳೆಯಾಗಿ ಬಿಡಿಸಬೇಕು. ಬಿಡಿಸಲು ಬಾರದಿದ್ದರೆ ಪಶುವೈದ್ಯರಿಗೆ ಒಪ್ಪಿಸುವುದು ಲೇಸು. ಕಣ್ಣಂಚಿನ ಪಿಸುರನ್ನು ಕಾಯಿಸಿ ಆರಿಸಿದ ನೀರಿನಲ್ಲಿ ನೆನೆಸಿದ ಹತ್ತಿಯಿಂದ ತೆಗೆಯಬೇಕು. ಒಂದೊಂದು ಕಣ್ಣಿಗೆ ಒಂದೊಂದು ಹತ್ತಿ.

ತುಟಿಯ ಮೇಲಿನ ಬಿರುಸಾದ ಮೀಸೆಗಳನ್ನು ಮಾತ್ರ ಮುಟ್ಟಬಾರದು. ಅವು ಬರಿಯ ಅಂದಕ್ಕಲ್ಲ. ಬುಡದಲ್ಲಿ ನರಗಳಿರುವುದರಿಂದ ಕತ್ತಲಲ್ಲಿಯೂ ಮೂಗಿನ ಮುಂದಿರುವ ವಸ್ತುವಿನ ಅರಿವನ್ನು ಅವು ನಾಯಿಗೆ ಕೊಡುತ್ತವೆ.

ನಾಯಿ ಗುರುಗುಟ್ಟಿದರೆ ಆ ದಿನದ ಕೆಲಸ ಅಲ್ಲಿಗೆ ಮುಗಿಯಿತು. ಮಕ್ಕಳನ್ನು ಹತ್ತಿರ ಬಿಡಬಾರದು. ಹಲ್ಲು ತಾಕಿದರೆ, ಸಾಕಿದ ನಾಯಿಯೆಂದು ಸುಮ್ಮನಿರುವುದು ತಪ್ಪು. ಗಾಯವನ್ನು ಸಾಬೂನು ಹಚ್ಚಿ, ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು ಅಂದೇ ಆಸ್ಪತ್ರೆಗೆ ಹೋಗಬೇಕು. ಹುಚ್ಚುನಾಯಿ ರೋಗದ ಲಕ್ಷಣ ತೋರಿದ ಮೇಲೆ ಬದುಕುವ ಆಸೆ ಇಲ್ಲವೆಂದೇ ಹೇಳಬೇಕು. ಮೊದಲೇ ಹಾಕಿಸಿಕೊಂಡ ಲಸಿಕೆಯೇ ರಕ್ಷೆ. ನಾಯಿಗೂ ವರ್ಷದ ಲಸಿಕೆ ತಪ್ಪಬಾರದು.

ನಾಯಿಯ ಕಣ್ಣು ಕೆಂಪಾದರೆ, ಅರೆಮುಚ್ಚಿಕೊಂಡೇ ಇದ್ದರೆ, ಮನೆಯಲ್ಲಿರುವ ಮನುಷ್ಯರ ಕಣ್ಣಿನ ಮದ್ದನ್ನು ಹಾಕಬಾರದು. ಗೀರು ಬಿದ್ದ ಕಣ್ಣಿಗೆ ಕೆಲವು ಮದ್ದುಗಳು ಕೇಡನ್ನೇ ಮಾಡುತ್ತವೆ. ಅದನ್ನು ಪಶುವೈದ್ಯರೇ ನೋಡಬೇಕು.

ಕತ್ತರಿ ಹಿಡಿಯಲು ಕೈ ನಡುಗುವವರಿಗೆ ಇನ್ನೊಂದು ದಾರಿಯೂ ಉಂಟು. ಹಣೆಯ ಕೂದಲನ್ನು ಬಾಚಿ, ಮೆತ್ತನೆಯ ಪಟ್ಟಿಯಿಂದ ಮೇಲಕ್ಕೆ ಸಡಿಲವಾಗಿ ಕಟ್ಟುವುದು, ರಾತ್ರಿ ಬಿಚ್ಚಿಬಿಡುವುದು. ನಾಯಿಗೆ ಬೇಕಾದುದು ಕಣ್ಣೆದುರಿನ ತೆರವು. ಅಂದದ ಕ್ಷೌರ ಒಡೆಯರ ಆಸೆ.