ಆಟ ಕೊಂಡವರ ಕೈಯಲ್ಲಿ, ಕೀಲಿಕೈ ಕಂಪೆನಿಯ ಬಳಿ

ಬೀದರ್: ಚಿದ್ರಿಯ ಮನೆಯೊಂದರಲ್ಲಿ ಹಳೆಯದೊಂದು ಪ್ಲೇಸ್ಟೇಷನ್ ಪೋರ್ಟಬಲ್ (ಪಿಎಸ್‌ಪಿ) ಇದೆ ಎಂದಿಟ್ಟುಕೊಳ್ಳಿ. ಅಣ್ಣ ಕೊಂಡ ಯಂತ್ರ ಈಗ ತಮ್ಮನ ಕೈ ಸೇರಿದೆ. ಡಿಸ್ಕ್ ಓದುವ ಭಾಗ ಆಗಾಗ ಕೈಕೊಡುತ್ತದೆ. ‘ಬೇರೆ ತಂತ್ರಾಂಶ ಹಾಕಿಸು, ಆಟಗಳೆಲ್ಲ ಮೆಮೊರಿ ಕಾರ್ಡ್‌ನಿಂದಲೇ ನಡೆಯುತ್ತವೆ’ ಎಂಬುದು ಗೆಳೆಯರ ಸಲಹೆ. ಹಾಕಿಸಬಹುದೇ? ದುಡ್ಡು ಕೊಟ್ಟು ತಂದ ಡಿಸ್ಕಿನ ಪ್ರತಿ ಮಾಡಿಕೊಳ್ಳುವುದೂ ಕಳ್ಳತನವೇ? ಉತ್ತರ ಒಂದೇ ಮಾತಿನಲ್ಲಿ ಮುಗಿಯುವಂಥದ್ದಲ್ಲ.

ಏನಿದು ಕೀಲಿಕೈ?

ಜಪಾನಿನ ಸೋನಿ ಕಂಪೆನಿ 2004ರ ಡಿಸೆಂಬರ್‌ನಲ್ಲಿ ಬಿಡುಗಡೆ ಮಾಡಿದ ಪಿಎಸ್‌ಪಿಯಲ್ಲಿ ಆಟಗಳು ಪುಟ್ಟ ಡಿಸ್ಕುಗಳಲ್ಲಿ ಬರುತ್ತಿದ್ದವು. ಡಿಸ್ಕಿನ ಪ್ರತಿಯನ್ನು ಮೆಮೊರಿ ಕಾರ್ಡ್‌ಗೆ ಹಾಕಿದರೆ ಯಂತ್ರದ ಮೂಲ ತಂತ್ರಾಂಶ ಅದನ್ನು ನಡೆಸುವುದಿಲ್ಲ. ಈ ತಡೆಯನ್ನು ದಾಟಲೆಂದೇ ಹವ್ಯಾಸಿಗಳು ಮಾರ್ಪಡಿಸಿದ ತಂತ್ರಾಂಶ ಸಿದ್ಧಪಡಿಸಿದರು.

ಅಂತರ್ಜಾಲದ ಮೂಲಕ ಕೊಂಡ ಆಟಗಳ ಕಥೆಯೇ ಬೇರೆ. ಅಲ್ಲಿ ಆಟದ ಜತೆಗೆ ಪರವಾನಗಿಯ ಕಡತವೂ ಇರುತ್ತದೆ. ನೂರಾರು ಎಂಬಿ ಗಾತ್ರದ ಆಟಕ್ಕೆ ಒಂದು ಕೆಬಿಗೂ ಕಡಿಮೆ ಗಾತ್ರದ ಈ ಕಡತವೇ ಕೀಲಿಕೈ. ಅದು ಕೊಂಡವರ ಖಾತೆಗೆ ಅಂಟಿಕೊಂಡಿರುವುದರಿಂದ ಆಟವನ್ನಷ್ಟೇ ನಕಲು ಮಾಡಿ ಬೇರೆ ಯಂತ್ರಕ್ಕೆ ಹಾಕಿದರೆ ಅದು ತೆರೆಯದು. ಮನೆ ಮಾರಿದವರು ಕೀಲಿಕೈಯನ್ನು ತಮ್ಮ ಬಳಿಯೇ ಇಟ್ಟುಕೊಂಡಂತೆ!

ಕಾಯ್ದೆ ಏನು ಹೇಳುತ್ತದೆ?

1957ರ ಹಕ್ಕುಸ್ವಾಮ್ಯ ಕಾಯ್ದೆಯ 52(1)(ಎಎ) ವಿಧಿಯ ಪ್ರಕಾರ, ಕಂಪ್ಯೂಟರ್ ಪ್ರೋಗ್ರಾಂ ಒಂದರ ಪ್ರತಿಯನ್ನು ಕಾನೂನುಬದ್ಧವಾಗಿ ಹೊಂದಿದವರು ಅದು ಕಳೆದುಹೋಗದಂತೆ, ಕೆಡದಂತೆ ತಾತ್ಕಾಲಿಕ ರಕ್ಷಣೆಗಾಗಿ ಬ್ಯಾಕಪ್ ಮಾಡಿಕೊಳ್ಳಬಹುದು. ತನ್ನ ಡಿಸ್ಕಿನ ಪ್ರತಿಯನ್ನು ತನಗಾಗಿ ಇಟ್ಟುಕೊಳ್ಳುವವರಿಗೆ ಇದೇ ಆಸರೆ. ಆದರೆ ಬೇರೆಯವರು ಅಂತರ್ಜಾಲಕ್ಕೆ ಏರಿಸಿದ ಪ್ರತಿಯನ್ನು ಇಳಿಸಿಕೊಳ್ಳುವುದು ಬ್ಯಾಕಪ್ ಅಲ್ಲ.

ಅಕ್ರಮ ಪ್ರತಿ ಎಂದು ತಿಳಿದೂ ಬಳಸಿದರೆ 63ಬಿ ವಿಧಿಯಡಿ 7 ದಿನಗಳಿಂದ 3 ವರ್ಷಗಳವರೆಗೆ ಜೈಲು, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ ವಿಧಿಸಬಹುದು. ಲಾಭಕ್ಕಾಗಿ ಅಥವಾ ವ್ಯಾಪಾರಕ್ಕಾಗಿ ಬಳಸಿಲ್ಲದಿದ್ದರೆ ನ್ಯಾಯಾಲಯ ಜೈಲುಶಿಕ್ಷೆ ಬಿಟ್ಟು ದಂಡವನ್ನಷ್ಟೇ ಹಾಕಲು ಅವಕಾಶವಿದೆ.

2012ರ ತಿದ್ದುಪಡಿಯಲ್ಲಿ 65ಎ ವಿಧಿ ಸೇರಿತು. ಹಕ್ಕು ಉಲ್ಲಂಘಿಸುವ ಉದ್ದೇಶದಿಂದ ತಾಂತ್ರಿಕ ಬೀಗ ಮುರಿಯುವುದು ಅಪರಾಧ. 2 ವರ್ಷಗಳವರೆಗೆ ಜೈಲು ಹಾಗೂ ದಂಡ. ಇಲ್ಲಿ ‘ಉದ್ದೇಶ’ ಎಂಬ ಪದವೇ ಮುಖ್ಯ. ಕಾಯ್ದೆ ನಿಷೇಧಿಸದ ಕೆಲಸಕ್ಕಾಗಿ ಬೀಗ ತೆಗೆಯುವುದಕ್ಕೆ ಅದು ಅಡ್ಡಿ ಮಾಡುವುದಿಲ್ಲ. ಆದರೆ ಇನ್ನೊಬ್ಬರಿಗಾಗಿ ಆ ಕೆಲಸ ಸುಗಮ ಮಾಡಿಕೊಡುವವರು ಅವರ ಹೆಸರು, ವಿಳಾಸ, ಉದ್ದೇಶವನ್ನು ದಾಖಲಿಸಿ ಇಡಬೇಕು. ಬೀದರ್, ಭಾಲ್ಕಿ, ಔರಾದ್‌ಗಳ ರಿಪೇರಿ ಅಂಗಡಿಗೂ ಈ ನಿಯಮ ಅನ್ವಯ.

ಗೂಂಡಾ ಕಾಯ್ದೆಯ ನೆರಳು

ಅಂಗಡಿಯವರು ಎಚ್ಚರ ವಹಿಸಲು ಮತ್ತೊಂದು ಕಾರಣವಿದೆ. 2014ರಲ್ಲಿ ಕರ್ನಾಟಕವು ತನ್ನ 1985ರ ಗೂಂಡಾ ಕಾಯ್ದೆಗೆ ತಿದ್ದುಪಡಿ ತಂದು ‘ಡಿಜಿಟಲ್ ಅಪರಾಧಿ’ಗಳನ್ನೂ ಅದರ ವ್ಯಾಪ್ತಿಗೆ ಸೇರಿಸಿತು. ವಾಣಿಜ್ಯ ಉದ್ದೇಶಕ್ಕಾಗಿ ಸಂಗೀತ, ಚಲನಚಿತ್ರ, ತಂತ್ರಾಂಶ ಮುಂತಾದವುಗಳ ಹಕ್ಕುಸ್ವಾಮ್ಯವನ್ನು ಬೇಕೆಂದೇ ಉಲ್ಲಂಘಿಸುವವರು ಈ ಗುಂಪಿಗೆ ಬರುತ್ತಾರೆ. ಈ ಕಾಯ್ದೆಯಡಿ ವಿಚಾರಣೆಯಿಲ್ಲದೆ ಗರಿಷ್ಠ 12 ತಿಂಗಳು ಬಂಧನದಲ್ಲಿಡಬಹುದು. ಹಣ ಪಡೆದು ನಕಲಿ ಆಟಗಳನ್ನು ಕಾರ್ಡ್‌ಗೆ ತುಂಬಿಕೊಡುವ ವ್ಯಾಪಾರ ಕ್ಷುಲ್ಲಕವೆಂದು ತೋರಿದರೂ ಕಾನೂನಿನ ಕಣ್ಣಿಗೆ ಹಾಗಲ್ಲ.

ಎಮ್ಯುಲೇಟರ್ ತಪ್ಪೇ?

ಒಂದು ಯಂತ್ರದ ಆಟವನ್ನು ಇನ್ನೊಂದರಲ್ಲಿ ನಡೆಸುವ ತಂತ್ರಾಂಶವೇ ಎಮ್ಯುಲೇಟರ್. 2000ರಲ್ಲಿ ಅಮೆರಿಕದ ಮೇಲ್ಮನವಿ ನ್ಯಾಯಾಲಯವೊಂದು ಸೋನಿ ಹೂಡಿದ್ದ ಪ್ರಕರಣದಲ್ಲಿ ಎಮ್ಯುಲೇಟರ್ ತಯಾರಿಸಿದ ಕನೆಕ್ಟಿಕ್ಸ್ ಪರ ನಿಂತಿತ್ತು. ಆದರೆ 2024ರಲ್ಲಿ ನಿಂಟೆಂಡೊ ಮೊಕದ್ದಮೆ ಹೂಡಿದಾಗ ‘ಯೂಜು’ ಎಮ್ಯುಲೇಟರ್ ತಯಾರಕರು 24 ಲಕ್ಷ ಡಾಲರ್‌ಗೆ ರಾಜಿಯಾಗಿ ಕೆಲಸ ನಿಲ್ಲಿಸಿದರು. ಸ್ವಿಚ್ ಆಟಗಳ ಗೂಢಲಿಪಿ ಬಿಡಿಸುವ ಕೀಲಿಕೈಗಳ ಬಳಕೆಯೇ ಅಲ್ಲಿನ ತಕರಾರಿನ ತಿರುಳು.

ಕಂಪೆನಿಗಳ ಆತಂಕ ಸುಳ್ಳಲ್ಲ; ನಕಲಿಯಿಂದ ಆಟ ರೂಪಿಸಿದವರ ದುಡಿಮೆಗೆ ಪೆಟ್ಟು ಬೀಳುತ್ತದೆ. ಆದರೆ ಗ್ರಾಹಕರ ಆತಂಕವೂ ಸುಳ್ಳಲ್ಲ. ನಿಂಟೆಂಡೊ 2023ರ ಮಾರ್ಚ್ 27ರಂದು 3ಡಿಎಸ್ ಮತ್ತು ವೀ ಯು ಯಂತ್ರಗಳ ಅಂತರ್ಜಾಲ ಮಳಿಗೆಯಲ್ಲಿ ಮಾರಾಟ ನಿಲ್ಲಿಸಿತು. ಈಗಾಗಲೇ ಕೊಂಡದ್ದನ್ನು ಮತ್ತೆ ಇಳಿಸಿಕೊಳ್ಳಲು ಅವಕಾಶ ಇರುತ್ತದೆ ಎಂದಿತಾದರೂ ಎಲ್ಲಿಯವರೆಗೆ ಎಂಬ ಗಡುವು ಹೇಳಲಿಲ್ಲ. ಅಂದರೆ ಬ್ಯಾಕಪ್ ಮಾಡಿಕೊಳ್ಳುವ ಹಕ್ಕು ಕಾಯ್ದೆಯಲ್ಲಿದ್ದರೂ ಅದನ್ನು ಬಳಸುವ ಕೀಲಿಕೈ ಗ್ರಾಹಕರ ಬಳಿ ಇಲ್ಲ.

ಚಿದ್ರಿಯ ಆ ತಮ್ಮನಂಥವರು ಮಾಡಬಹುದಾದದ್ದು ಇಷ್ಟು: ಮೂಲ ಡಿಸ್ಕ್ ಮತ್ತು ರಸೀದಿಯನ್ನು ಜೋಪಾನವಾಗಿಡುವುದು, ಪ್ರತಿಯನ್ನು ಸ್ವಂತಕ್ಕಷ್ಟೇ ಬಳಸುವುದು, ಡಿಸ್ಕ್ ಮಾರಿದರೆ ಪ್ರತಿಯನ್ನೂ ಅಳಿಸುವುದು. ‘ಸಾವಿರಾರು ಆಟ ಉಚಿತ’ ಎಂಬ ಯಂತ್ರ ಕಂಡಾಗ ಅವುಗಳ ಪರವಾನಗಿ ಯಾರದು ಎಂದು ಕೇಳುವುದೂ ಒಳಿತು.